ಹೆಸರಿಗೆ ಮಸಿ, ಬಾಗಿಲಿಗೆ ನೋಟಿಸ್

ಮಾನ್ಯ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗಳೇ,

ಗುಟ್ಟು ಕಾಪಾಡುವುದು ಹೇಗೆಂದು ನಿಮ್ಮ ಇಲಾಖೆಯಿಂದ ಕಲಿಯಬೇಕು. ಲೈಂಗಿಕ ಅಪರಾಧಕ್ಕೆ ಗುರಿಯಾದ ಮಗುವಿನ ಹೆಸರು ಹೊರಬೀಳಕೂಡದು ಎಂಬ ಕಾನೂನನ್ನು ನಿಮ್ಮವರು ಚಾಚೂತಪ್ಪದೆ ಪಾಲಿಸಿದರು. ನೋಟಿಸಿನಲ್ಲಿ ಹೆಸರಿದ್ದ ಕಡೆಯಲ್ಲೆಲ್ಲ ಕಪ್ಪು ಮಸಿ ಬಳಿದರು. ಆಮೇಲೆ ಅದನ್ನು ಆ ಮಗುವಿನ ಮನೆಯ ಬಾಗಿಲಿಗೇ ಅಂಟಿಸಿ ಹೋದರು.

ನಡೆದದ್ದಿಷ್ಟು. ನಮ್ಮ ಓಣಿಯ ಏಳನೆಯ ತರಗತಿಯ ಹುಡುಗಿಯೊಬ್ಬಳ ಪ್ರಕರಣದಲ್ಲಿ ಜೈಲಿನಲ್ಲಿದ್ದ ಆರೋಪಿ ಜಾಮೀನು ಕೇಳಿದ. ಅಂಥ ಅರ್ಜಿ ಬಂದಾಗ ಮಗುವಿನ ಕಡೆಯವರ ಮಾತನ್ನೂ ಕೇಳಬೇಕೆಂದು ಕಾನೂನಿದೆ. ಹಾಗಾಗಿ ವಿಚಾರಣೆಯ ಹಿಂದಿನ ದಿನ, ಸೋಮವಾರ ಮಧ್ಯಾಹ್ನ, ಹವಾಲ್ದಾರರೊಬ್ಬರು ಸಮವಸ್ತ್ರದಲ್ಲಿ, ಜೀಪಿನಲ್ಲಿ, ನೋಟಿಸ್ ಹಿಡಿದು ಬಂದರು. ತಾಯಿ (ಫಕ್ಕೀರವ್ವ ಎನ್ನೋಣ, ನಿಜ ಹೆಸರಲ್ಲ) ಖಾನಾವಳಿಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಮನೆಗೆ ಬೀಗ. ಮನೆ ಮುಚ್ಚಿದ್ದರೆ ಇಬ್ಬರು ಪಂಚರ, ಅಂದರೆ ಸಾಕ್ಷಿಗಳ, ಎದುರು ಬಾಗಿಲಿಗೆ ಅಂಟಿಸುವುದು ನಿಮ್ಮಲ್ಲಿ ರೂಢಿಯಂತೆ. ಸಾಲ ಕಟ್ಟದವನ ಬಾಗಿಲಿಗೂ ಅದೇ, ಹನ್ನೆರಡು ವರ್ಷದ ಮಗುವಿನ ಬಾಗಿಲಿಗೂ ಅದೇ. ಸಮಾನತೆ ಎಂದರೆ ಇದು!

ಎದುರಿನ ಕಟ್ಟೆಯ ಮೇಲೆ ಕೂತಿದ್ದ ಮನುಷ್ಯ ಕೇಳುವ ಮೊದಲೇ ಎದ್ದು ಬಂದು ಮೊದಲ ಪಂಚನಾದ. ಅವನು ಆರೋಪಿಯ ಸೋದರಮಾವ. ಹವಾಲ್ದಾರರಿಗೆ ಅದು ಗೊತ್ತಿರಲಿಲ್ಲ, ಕೇಳಲೂ ಇಲ್ಲ. ಎರಡನೆಯ ಪಂಚಳಾಗಿ ಸಿಕ್ಕವಳು ಕಾಲೇಜಿನಿಂದ ಊಟಕ್ಕೆ ಮನೆಗೆ ಬರುತ್ತಿದ್ದ ನಾನು.

“ಮೇಡಮ್ಮಾರ, ಇಲ್ಲೊಂದ್ ಸಹಿ ಮಾಡ್ರಿ.”

“ಏನ್ ಕಾಗದರೀ ಇದು?”

“ಕೋರ್ಟಿಂದ್ರೀ. ನಿಮಗೇನೂ ತ್ರಾಸ ಆಗೂದಿಲ್ಲ. ಹೆಸರೆಲ್ಲ ಮುಚ್ಚೇವಿ ನೋಡ್ರಿ, ಎಷ್ಟ್ ನೀಟಾಗಿ ಕರೇ ಬಡದೇವಿ!”

“ಅಕ್ಕಾರು ಭಾಳ ಓದಿದಾರ. ಕಾಗದ ಪೂರಾ ಓದಾಕ ಹತ್ತಿದ್ರ ನಿಮ್ಮ ಜೀಪು ಇಲ್ಲೇ ತುಕ್ಕು ಹಿಡೀತೈತಿ,” ಎಂದು ಸೋದರಮಾವ ನಕ್ಕ.

ಹಸಿವಾಗಿತ್ತು. ಓದದೆ ಸಹಿ ಹಾಕಿದೆ. ಮಕ್ಕಳಿಗೆ ಕಾವ್ಯ ಕಲಿಸುವವಳು, ಹೇಳದೆ ಬಿಟ್ಟ ಮಾತೇ ಹೆಚ್ಚು ಹೇಳುತ್ತದೆ ಎಂದು ವರ್ಷವರ್ಷವೂ ಪಾಠ ಮಾಡುವವಳು, ಮಸಿ ಬಳಿದ ಆ ಹೆಸರು ಆ ಬಾಗಿಲ ಮೇಲೆ ಏನು ಹೇಳುತ್ತದೆಂದು ಯೋಚಿಸಲಿಲ್ಲ. ನಿಮ್ಮನ್ನು ಛೇಡಿಸುವ ಮೊದಲು ಇದನ್ನು ಒಪ್ಪಿಕೊಳ್ಳಬೇಕು.

ಸಂಜೆ ಶಾಲೆ ಬಿಟ್ಟು ಆ ಹುಡುಗಿ ಮನೆಗೆ ಬಂದಳು. ಬಾಗಿಲ ಮುಂದೆ ನಾಲ್ಕಾರು ಮಕ್ಕಳು ಗುಂಪುಗೂಡಿ “ಬಾಧಿತ ಬಾಲಕಿ” ಎಂದು ಜೋರಾಗಿ ಓದುತ್ತಿದ್ದರು. ಅವಳು ಬೀಗ ತೆಗೆದು, ಒಳಗಿನಿಂದ ಚಾಕು ತಂದು ಕಾಗದ ಕೆರೆಯತೊಡಗಿದಳು. ಮಾನ್ಯರೇ, ನಿಮ್ಮ ಅಂಟನ್ನು ಮೆಚ್ಚಬೇಕು. ನಮ್ಮ ಓಣಿಯ ಡಾಂಬರು ಒಂದು ಮಳೆಗೆ ಎದ್ದುಹೋಗುತ್ತದೆ. ನಿಮ್ಮ ನೋಟಿಸ್ ಮೇಲರ್ಧ ಮಾತ್ರ ಬಂತು, ಕೆಳಗಿನರ್ಧ ಪುಡಿಪುಡಿಯಾಯಿತು. ವಿಚಾರಣೆಯ ದಿನಾಂಕವಿದ್ದದ್ದು ಕೆಳಗಿನರ್ಧದಲ್ಲಿ.

ಮರುದಿನ ಬೆಳಿಗ್ಗೆ ಫಕ್ಕೀರವ್ವ ಆ ಅರ್ಧ ಹಾಳೆ ಹಿಡಿದು ನನ್ನಲ್ಲಿಗೆ ಬಂದಳು. “ಅಕ್ಕಾರ, ಯಾವತ್ತ್ ಬಾ ಅಂದಾರ, ಓದಿ ಹೇಳ್ರಿ.” ಓದಲು ಏನೂ ಉಳಿದಿರಲಿಲ್ಲ. ಇಬ್ಬರೂ ಠಾಣೆಗೆ ಹೋಗಿ ಕೇಳಿ, ಅಲ್ಲಿಂದ ನ್ಯಾಯಾಲಯ ಮುಟ್ಟುವ ಹೊತ್ತಿಗೆ ಎಲ್ಲ ಮುಗಿದು ಆರೋಪಿಗೆ ಜಾಮೀನು ಸಿಕ್ಕಿತ್ತು. ಆದೇಶದಲ್ಲಿ ಹೀಗಿತ್ತು: “ನೋಟಿಸ್ ಜಾರಿಯಾಗಿದೆ. ದೂರುದಾರರು ಗೈರುಹಾಜರು. ಆಕ್ಷೇಪಣೆ ಸಲ್ಲಿಕೆಯಾಗಿಲ್ಲ.” ನ್ಯಾಯಾಧೀಶರನ್ನು ದೂರಲಾರೆ. ಅವರ ಮುಂದಿದ್ದ ಪಂಚನಾಮೆಯಲ್ಲಿ ಸ್ನಾತಕೋತ್ತರ ಪದವೀಧರೆಯೊಬ್ಬಳ ಸುಂದರವಾದ ಸಹಿ ಇತ್ತು.

ಯಾರಿಗೂ ಜಾಮೀನು ಕೊಡಬೇಡಿ ಎಂದು ನಾನು ಹೇಳುತ್ತಿಲ್ಲ. ಅಪರಾಧ ಸಾಬೀತಾಗುವ ತನಕ ಆರೋಪಿಗೂ ಹಕ್ಕುಗಳಿವೆ. ಆದರೆ ಫಕ್ಕೀರವ್ವನನ್ನು ಕೇಳಿದ್ದರೆ ಒಂದು ಮಾತು ಹೇಳುತ್ತಿದ್ದಳು: ಆರೋಪಿಯ ಮನೆ ಶಾಲೆಯ ದಾರಿಯಲ್ಲೇ ಇದೆ. ಆ ಮಾತು ನ್ಯಾಯಾಲಯದ ಕಿವಿಗೆ ಬೀಳಲಿಲ್ಲ. ಮಗುವಿನ ಮನೆಯಿಂದ ನೂರು ಮೀಟರ್ ದೂರವಿರಬೇಕು ಎಂಬುದಷ್ಟೇ ಷರತ್ತಾಯಿತು. ಅವನು ಷರತ್ತು ಮೀರಿಲ್ಲ. ಬೆಳಿಗ್ಗೆ ಒಂಬತ್ತೂವರೆಗೆ, ನೂರಾ ಹತ್ತು ಮೀಟರ್ ದೂರದಲ್ಲಿ, ಶಾಲೆಯ ತಿರುವಿನಲ್ಲಿ, ಬಲು ವಿಧೇಯನಾಗಿ ನಿಂತಿರುತ್ತಾನೆ. ಹುಡುಗಿ ಶಾಲೆಗೆ ಹೋಗದೆ ಹನ್ನೊಂದು ದಿನವಾಯಿತು. ನಿಮ್ಮ ದಾಖಲೆಯಲ್ಲಿ ಇದನ್ನು ಯಾವ ಕಲಮಿನಡಿ ಬರೆಯುತ್ತೀರಿ? ಶಾಂತಿ ನೆಲೆಸಿದೆ ಎಂದೇ?

ಸರ್ಕಾರಿ ವಕೀಲರು ಈಗ ಜಾಮೀನು ರದ್ದು ಕೋರಿ ಅರ್ಜಿ ಹಾಕಿದ್ದಾರೆ. ಅದರ ನೋಟಿಸ್ ಬರಲಿದೆ. ಅದನ್ನು ಮಹಿಳಾ ಸಿಬ್ಬಂದಿಯೊಬ್ಬರು ಸಾದಾ ಉಡುಪಿನಲ್ಲಿ, ಜೀಪಿಲ್ಲದೆ, ವಿಚಾರಣೆಗೆ ಒಂದು ವಾರ ಮೊದಲು ತಾಯಿಯ ಕೈಗೇ ಕೊಡಲಿ. ಮನೆಯಲ್ಲಿ ಇಲ್ಲದಿದ್ದರೆ ಮತ್ತೆ ಬರಲಿ. ರೊಟ್ಟಿ ಬಡಿಯುವವಳು ಎಲ್ಲಿಗೂ ಓಡಿಹೋಗುವುದಿಲ್ಲ. ಅದರಲ್ಲಿ ಏನಿದೆಯೆಂದು ಓದಿ ಹೇಳಲಿ. ಅರ್ಜಿ ಇತ್ಯರ್ಥವಾಗುವ ತನಕ ಶಾಲೆಯ ತಿರುವಿನಲ್ಲಿ ನಿಮ್ಮವರೊಬ್ಬರು ನಿಲ್ಲಲಿ. ಮಕ್ಕಳ ಪ್ರಕರಣದಲ್ಲಿ ಬಾಗಿಲಿಗೆ ಅಂಟಿಸುವ ಪದ್ಧತಿ ಇವತ್ತಿನಿಂದಲೇ ನಿಲ್ಲಲಿ.

ನಿಮಗೆ ಬರೆಯುತ್ತೇನೆಂದು ನಿನ್ನೆ ಆ ಹುಡುಗಿಗೆ ಹೇಳಿದೆ. ಅವಳು ಕೇಳಿದಳು: “ಅವರು ನಿಮ್ಮ ಕಾಗದ ಓದತಾರೇನ್ರೀ, ಅಕ್ಕಾರ? ಓದಿದ್ರ, ನಾ ಯಾವತ್ತಿಂದ ಸಾಲಿಗೆ ಹೋಗ್ಲಿ ಅಂತ ಕೇಳ್ರಿ.”

ತಾರೀಖು ತಿಳಿಸಿ, ಮಾನ್ಯರೇ. ಮಗು ಕಾಯುತ್ತಿದೆ.

ಇಂತಿ,
ಹೆಸರು ಬರೆದರೆ ಓಣಿ ತಿಳಿಯುತ್ತದೆ, ಓಣಿ ತಿಳಿದರೆ ಬಾಗಿಲು ತಿಳಿಯುತ್ತದೆ ಎಂದು ತಡವಾಗಿ ಕಲಿತ ಒಬ್ಬ ನೆರೆಯವಳು