ಬೆನ್ನಿನ ಪಾಲು

ಏಪ್ರಿಲ್ 14, ಭಾನುವಾರ
ಕ್ವೀನ್ಸ್‌ಲ್ಯಾಂಡ್

ಪ್ರೀತಿಯ ಫೆತು ಅಕ್ಕನಿಗೆ,

ತಾಲೋಫಾ, ನಮ್ಮ ದ್ವೀಪದ ನಮಸ್ಕಾರ. ನೀನು ಜನವರಿಯಲ್ಲಿ ಕೇಳಿದ್ದಕ್ಕೆ ಏಪ್ರಿಲ್‌ನಲ್ಲಿ ಉತ್ತರ ಬರೆಯುತ್ತಿದ್ದೇನೆ. ಬೈಯಿ, ಆದರೆ ಪೂರ್ತಿ ಓದಿದ ಮೇಲೆ ಬೈಯಿ. ನಿನ್ನ ಮೆಸೇಜಿಗೆ ಎರಡು ನೀಲಿ ಗೆರೆ ಬಿದ್ದು ಮೂರು ತಿಂಗಳಾಯಿತು ಅಂತ ನನಗೂ ಗೊತ್ತು. ಎಷ್ಟೋ ಸಲ ಟೈಪ್ ಮಾಡಿದೆ, ಅಳಿಸಿದೆ. ನಮ್ಮ ಮನೆಯವರ ಗ್ರೂಪಿನಲ್ಲಿ ನಲವತ್ತೊಂದು ಜನ ಇದ್ದಾರೆ. ಒಬ್ಬರಿಗೆ ಕಳಿಸಿದ್ದು ಸಂಜೆಯೊಳಗೆ ಎಲ್ಲರ ಫೋನಿನಲ್ಲೂ ಇರುತ್ತದೆ. ಕಾಗದವಾದರೆ ಯಾರೂ ಫಾರ್ವರ್ಡ್ ಮಾಡಲಾರರು ಅಂತ ಪೆನ್ನು ಹಿಡಿದೆ. ಫೋಟೊ ತೆಗೆದು ಕಳಿಸಬಹುದು, ನಿಜ. ದಯವಿಟ್ಟು ಬೇಡ.

ನೀನು ಹೇಗಿದ್ದೀಯ? ನೀನು ಕೆಲಸ ಮಾಡುವ ವೃದ್ಧಾಶ್ರಮದಲ್ಲಿ ನಿನ್ನನ್ನು ತನ್ನ ಮಗಳು ಅಂದುಕೊಂಡು ದಿನಾ ಜಗಳ ಆಡುತ್ತಿದ್ದ ಅಜ್ಜಿ ಇನ್ನೂ ಇದ್ದಾರಾ? ಆಕ್ಲೆಂಡಿನಲ್ಲಿ ಚಳಿ ಶುರುವಾಗಿರಬೇಕು, ಕಾಲಿಗೆ ಏನಾದರೂ ಹಾಕಿಕೊ.

ನಾನು ಚೆನ್ನಾಗಿದ್ದೇನೆ. ಅಂದರೆ ಊಟ ಮಾಡುತ್ತೇನೆ, ಮಲಗುತ್ತೇನೆ. ಬೆಳಿಗ್ಗೆ ಎದ್ದಾಗ ಬಲಗೈ ಮುಷ್ಟಿ ಕಟ್ಟಿಕೊಂಡಿರುತ್ತದೆ. ಎಡಗೈಯಿಂದ ಒಂದೊಂದೇ ಬೆರಳು ಬಿಡಿಸಬೇಕು. ಈ ಬಾಡಿಗೆ ಮನೆಯಲ್ಲಿ ಒಂದೇ ಕೆಲಸದವರು ನಾವು ಆರು ಜನ ಇದ್ದೇವೆ, ಆರೂ ಜನ ಮಂಚದ ತುದಿಯಲ್ಲಿ ಕೂತು ಬೆರಳು ಬಿಡಿಸುತ್ತಿರುತ್ತೇವೆ. ಮೊದಲ ವರ್ಷ ಅದನ್ನು ನೋಡಿ ನಗುತ್ತಿದ್ದೆವು.

ಸರಿ, ವಿಷಯಕ್ಕೆ ಬರುತ್ತೇನೆ. ನೀನು ಎರಡು ಪ್ರಶ್ನೆ ಕೇಳಿದ್ದೆ. ಮಲಕಿ ಚಿಕ್ಕಪ್ಪನಿಗೆ ಮನೆತನದ ಯಜಮಾನಿಕೆಯ ಮತಾಯಿ ಪಟ್ಟ ಕಟ್ಟಿದ ದಿನ ನಾನು ಕುಡಿದಿದ್ದೆ ಅಂತ ಸೊಸೆಫಿನಾ ಅತ್ತೆ ಹೇಳುತ್ತಿರುವುದು ನಿಜವಾ? ಅಮ್ಮನ ಚಾಪೆ ಎಲ್ಲಿ?

ಕುಡಿದಿರಲಿಲ್ಲ ಅಕ್ಕ. ಕುಡಿದಿದ್ದರೆ ಚೆನ್ನಾಗಿತ್ತು, ಅದಕ್ಕಾದರೂ ಮರುದಿನ ಕ್ಷಮೆ ಸಿಗುತ್ತದೆ.

ನಿನಗೆ ರಜೆ ಸಿಗಲಿಲ್ಲ, ನೀನು ಊರಿಗೆ ಬರಲಿಲ್ಲ, ಅದಕ್ಕೇ ಮೊದಲಿಂದ ಹೇಳುತ್ತೇನೆ. ಅಪ್ಪನಿಗೆ ಹೋದ ವರ್ಷ ಲಕ್ವ ಹೊಡೆದ ಮೇಲೆ ಬಲಗೈ ಎದ್ದೇ ಇಲ್ಲ. ಮೂವತ್ತು ವರ್ಷ ಊರಿನ ಪ್ರತಿ ಸಮಾರಂಭದಲ್ಲಿ ಹಂದಿ ಪಾಲು ಮಾಡಿದ ಕೈ ಅದು. ನಿನಗೆ ನೆನಪಿದೆಯಲ್ಲ, ಅಪ್ಪ ಹಂದಿಯನ್ನು ನೋಡಿಕೊಂಡು ಕೊಯ್ಯುತ್ತಿರಲಿಲ್ಲ, ಕೂತವರನ್ನು ನೋಡಿಕೊಂಡು ಕೊಯ್ಯುತ್ತಿದ್ದರು. ತಲೆ ಊರಿನ ಹುಡುಗರಿಗೆ, ಕುತ್ತಿಗೆ ಸಭೆಯಲ್ಲಿ ಎಲ್ಲರ ಪರವಾಗಿ ಮಾತಾಡುವ ಮಾತಿನ ಮತಾಯಿಗೆ, ಬೆನ್ನು ಹಿರಿಯ ಮತಾಯಿಗೆ. ಯಾರು ಯಾರ ಪಕ್ಕ ಕೂತಿದ್ದಾರೆ, ಯಾರ ಮನೆಯಲ್ಲಿ ಸಾವಾಗಿದೆ, ಯಾರು ಯಾರ ಜೊತೆ ಮುನಿಸಿಕೊಂಡಿದ್ದಾರೆ, ಎಲ್ಲ ಅವರ ಚಾಕುವಿಗೆ ಗೊತ್ತಿರುತ್ತಿತ್ತು.

ಈ ಸಲ ಅಪ್ಪ ಎಲ್ಲರಿಗೂ ಹೇಳಿಬಿಟ್ಟಿದ್ದರು: "ನನ್ ಮಗ ಬರ್ತಾನೆ. ಅವನೇ ಕೊಯ್ತಾನೆ."

ತಪ್ಪು ನನ್ನದೇ. ಇಲ್ಲಿಂದ ನಾಲ್ಕು ವರ್ಷ ಏನು ಫೋಟೊ ಹಾಕಿದ್ದೆ ಹೇಳು? ಬಿಳಿ ಕೋಟು, ಹೆಲ್ಮೆಟ್ಟು, ಕೈಯಲ್ಲಿ ಚಾಕು, 'ಇವತ್ತು ಎರಡು ಸಾವಿರ ಹಂದಿ' ಅಂತ ಒಂದು ಸಾಲು. ಕೆಳಗೆ ನಲವತ್ತು ಹೆಬ್ಬೆರಳು. ನಾನು ಈ ಮಾಂಸದ ಕಾರ್ಖಾನೆಯಲ್ಲಿ ನಿಜವಾಗಿ ಏನು ಮಾಡುತ್ತೇನೆ ಅಂತ ಯಾರೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ನಿನಗೂ ಹೇಳಿಲ್ಲ, ಈಗ ಹೇಳುತ್ತೇನೆ.

ಹಂದಿ ಓಡುವ ಸರಪಳಿಯ ಕೊಕ್ಕೆಯಲ್ಲಿ ತಲೆಕೆಳಗಾಗಿ ನೇತಾಡುತ್ತಾ ಬಲಗಡೆಯಿಂದ ಬರುತ್ತದೆ. ನಾನು ಅದರ ಭುಜದ ಕೆಳಗೆ ಒಂದು ಗೀರು ಎಳೆಯುತ್ತೇನೆ. ಒಂದೇ. ಮೇಲಿಂದ ಕೆಳಗೆ. ಅದು ಎಡಗಡೆ ಹೋಗುತ್ತದೆ, ಇನ್ನೊಂದು ಬರುತ್ತದೆ. ದಿನಕ್ಕೆ ಎರಡು ಸಾವಿರ ಚಿಲ್ಲರೆ. ಬೆನ್ನು ಯಾರು ಬಿಡಿಸುತ್ತಾರೋ ನಾನು ನೋಡಿಲ್ಲ, ಅದು ಗೋಡೆಯ ಆಚೆ. ಡಬ್ಬಿಗೆ ತುಂಬಿದ್ದು ಯಾವ ದೇಶಕ್ಕೆ ಹೋಗುತ್ತದೋ, ಯಾರು ತಿನ್ನುತ್ತಾರೋ ಗೊತ್ತಿಲ್ಲ. ಕಿವಿಯಲ್ಲಿ ಬಿರಡೆ ಇರುವುದರಿಂದ ಪಕ್ಕದವನ ಮಾತೂ ಕೇಳಿಸುವುದಿಲ್ಲ. ನಾಲ್ಕು ವರ್ಷ ನನ್ನ ಪಕ್ಕ ನಿಂತವನ ಹೆಸರು ರೊಡ್ರಿಗೊ ಅಂತ ನನಗೆ ತಿಳಿದದ್ದು ಅವನು ಕೆಲಸ ಬಿಟ್ಟ ದಿನ, ಕೇಕಿನ ಮೇಲೆ ಬರೆದಿದ್ದನ್ನು ಓದಿ.

ಸಮಾರಂಭದ ಹಿಂದಿನ ದಿನ ಅಪ್ಪನ ಹತ್ತಿರ ಹೋಗಿ ಹೇಳಲು ನೋಡಿದೆ.

"ಅಪ್ಪಾ, ನಾನಲ್ಲಿ ಬರೀ ಭುಜದ ಹತ್ರ..."

"ಚಾಕು ಹಿಡಿಯೋದು ಗೊತ್ತಲ್ಲ?"

"ಗೊತ್ತು, ಆದ್ರೆ..."

"ಮತ್ತೇನು? ನಾನ್ ಪಕ್ಕದಲ್ಲೇ ಕೂತಿರ್ತೀನಿ."

ಅತ್ತೆ ಅಲ್ಲೇ ಕೆಸುವಿನ ಗೆಡ್ಡೆ ಹೆರೆಯುತ್ತಿದ್ದಳು. "ಅಯ್ಯೋ ಅಣ್ಣಾ, ದಿನಕ್ಕೆ ಎರಡು ಸಾವಿರ ಹಂದಿ ಕೊಯ್ಯೋನಿಗೆ ಒಂದು ಹಂದಿ ಹೆಚ್ಚಾಗುತ್ತಾ? ಕಣ್ಮುಚ್ಕೊಂಡು ಕೊಯ್ತಾನೆ ಬಿಡು!" ಅಂದಳು. ಎಲ್ಲರೂ ನಕ್ಕರು. ನಾನೂ ನಕ್ಕೆ. ಅಲ್ಲಿ ನಗಬಾರದಿತ್ತು.

ಮರುದಿನ ಭಾಷಣ, ಕಾವಾ ಬೇರಿನ ರಸ ಹಂಚುವುದು, ಪಟ್ಟ ಕಟ್ಟುವುದು ಎಲ್ಲ ಮುಗಿಯಿತು. ಕಲ್ಲೊಲೆಯಿಂದ ಹಂದಿ ತಂದು ಸಭೆಯ ಮನೆಯ ಮುಂದೆ ಬಾಳೆ ಎಲೆಯ ಮೇಲೆ ಮಲಗಿಸಿದರು. ಪದ್ಧತಿಯಂತೆ ಅರೆ ಬೆಂದಿತ್ತು, ಹೊಗೆಯಾಡುತ್ತಿತ್ತು. ಅಪ್ಪ ತಮ್ಮ ಚಾಕುವನ್ನು ಎಡಗೈಯಿಂದ ನನಗೆ ಕೊಟ್ಟರು. ಬಸ್ ಓಡಿಸುತ್ತಾನಲ್ಲ ನಮ್ಮ ಇಲಾಯಿ, ಅವನು ಬುಟ್ಟಿ ಹಿಡಿದು ನನ್ನ ಪಕ್ಕ ನಿಂತಿದ್ದ. ಮೆಲ್ಲಗೆ, "ಮೊದ್ಲು ತಲೆ ಕಣೋ," ಅಂದ.

ಕೇಳಿಸಿತು ಅಕ್ಕ. ಆದರೆ ಹಂದಿ ನೇತಾಡುತ್ತಿರಲಿಲ್ಲ, ಮಲಗಿತ್ತು. ಭುಜ ಇರಬೇಕಾದ ಜಾಗದಲ್ಲಿ ಇರಲಿಲ್ಲ. ತಲೆಯ ಹತ್ತಿರ ಹೋಗೋಣ ಅಂತಲೇ ಕೈ ಎತ್ತಿದೆ. ಕೈ ತನಗೆ ಗೊತ್ತಿರುವ ಗೀರನ್ನೇ ಎಳೆಯಿತು. ಮೇಲಿಂದ ಕೆಳಗೆ, ಜೋರಾಗಿ. ಬೆನ್ನು ಅಡ್ಡಕ್ಕೆ ಸೀಳಿ ಎರಡಾಯಿತು. ಹಿರಿಯ ಮತಾಯಿಯ ಪಾಲು. ಒಂದು ತುಂಡು ಎಲೆಯಿಂದ ಜಾರಿ ಮಣ್ಣಿಗೆ ಬಿತ್ತು.

ಆಮೇಲೆ ಮಾತಿನ ಮತಾಯಿ ತನ್ನ ಕೋಲಿಗೆ ಒರಗಿಕೊಂಡೇ ಕೇಳಿದ:

"ಏನ್ ಮಲಕಿ, ಆಸ್ಟ್ರೇಲಿಯಾದ ಹಂದಿಗೆ ಬೆನ್ನೇ ಇರಲ್ವೋ? ಇಲ್ಲಾ ಅಲ್ಲಿ ಹಿರಿಯರೇ ಇಲ್ವೋ?"

ಹಿಂದೆ ಹೆಂಗಸರ ಕಡೆಯಿಂದ ಯಾರೋ ಕಿಸಕ್ಕಂದರು. ಪಟ್ಟ ಕಟ್ಟಿಸಿಕೊಂಡು ಒಂದು ಗಂಟೆ ಆಗಿರಲಿಲ್ಲ, ಚಿಕ್ಕಪ್ಪ ತಲೆ ತಗ್ಗಿಸಿ ಕೂತರು.

ಆಗ ಅಪ್ಪ ಎದ್ದರು. ಯಾರೂ ಹಿಡಿದುಕೊಳ್ಳದೆ. ಬಾಯಿ ಇನ್ನೂ ಒಂದು ಕಡೆ ಎಳೆಯುತ್ತದಲ್ಲ, ಆದರೂ ಒಂದೊಂದು ಮಾತೂ ಎಲ್ಲರಿಗೂ ಕೇಳಿಸಿತು. "ತಪ್ಪು ಮಗಂದಲ್ಲ, ನಂದು. ಅವನಿಗೆ ಏನು ಬರುತ್ತೆ ಅಂತ ಕೇಳ್ದೆ ನಾನೇ ಚಾಕು ಕೊಟ್ಟೆ. ಮನೆ ಮರ್ಯಾದೆ ಉಳಿಸಿಕೊಡಿ." ಅತ್ತೆಗೆ ಕಣ್ಣಲ್ಲೇ ಹೇಳಿದರು. ಅವಳು ಒಳಗೆ ಹೋಗಿ ತಪ್ಪುಕಾಣಿಕೆಗೆ ಚಾಪೆ ತಂದಳು.

ಹೌದು ಅಕ್ಕ, ಅದೇ. ಅಮ್ಮ ಮೂರು ವರ್ಷ ನಿನ್ನ ಮದುವೆಗೆ ಅಂತ ನೇಯ್ದದ್ದು. ಅಪ್ಪ ಎಡಗೈಯಲ್ಲಿ ಅದನ್ನು ಬಿಡಿಸಿ, ಹಿರಿಯ ಮತಾಯಿಯ ಮುಂದೆ ಹಾಸಿ, ಮೊಣಕಾಲೂರಿ ಕೂತರು. ಹಿರಿಯರು ಒಳ್ಳೆಯವರು, ಹೆಚ್ಚು ಹೊತ್ತು ಕೂರಿಸಲಿಲ್ಲ. "ಏಳಪ್ಪಾ, ಆಯ್ತು. ಇಷ್ಟು ಚಂದದ ಚಾಪೆ ನೋಡಿ ಎಷ್ಟು ವರ್ಷ ಆಯ್ತು," ಅಂದರು. ಎಲ್ಲರೂ ಚಾಪೆಯನ್ನು ಹೊಗಳಿ ಕೂಗಿದರು. ಅಮ್ಮನ ಹೆಸರು ಹೇಳಿ ಹೊಗಳಿದರು, ಅದೊಂದು ನಿನಗೆ ಹೇಳಬೇಕು ಅನಿಸಿತು.

ಉಳಿದದ್ದನ್ನು ಇಲಾಯಿ ಕೊಯ್ದ. ಅವನಿಗೆ ಯಾರೂ ಕಲಿಸಿಲ್ಲ. ಇಷ್ಟು ವರ್ಷ ಅಪ್ಪನ ಪಕ್ಕ ಬುಟ್ಟಿ ಹಿಡಿದು ನಿಂತಿದ್ದನಲ್ಲ, ಅಷ್ಟೇ. ಸಂಜೆ ಅಪ್ಪ ಚಾಕುವನ್ನು ಅವನಿಗೇ ಇಟ್ಟುಕೋ ಅಂದರು. ನನ್ನ ಮುಂದೆಯೇ ಅಂದರು, ಮುಚ್ಚುಮರೆ ಏನಿಲ್ಲ. ನನಗೆ ಕೋಪ ಬರಲಿಲ್ಲ. ಮರುದಿನ ವಿಮಾನ ಇತ್ತು. ಯಾರಿಗೂ ಹೇಳದೆ ಹೊರಟುಬಿಟ್ಟೆ. ಅದಕ್ಕೇ ಅತ್ತೆ ಕುಡಿದಿದ್ದ ಅಂತ ಕಥೆ ಕಟ್ಟಿದ್ದು. ಪಾಪ, ನನ್ನ ಮಾನ ಉಳಿಸಲು ಕಟ್ಟಿದ್ದು.

ಇಲ್ಲಿ ಡೆಸ್ ಅಂತ ಒಬ್ಬ ಮುದುಕ ಇದ್ದಾನೆ, ನಮ್ಮ ಯೂನಿಯನ್ನಿನವ. ಚಾಕು ಮಸೆಯುವ ಕೋಣೆಯಲ್ಲಿ ಕೂತಿರುತ್ತಾನೆ. ನಲವತ್ತು ವರ್ಷ ಸರ್ವಿಸ್ಸು. ಯಾರಿಗೂ ಹೇಳದ್ದನ್ನು ಅವನಿಗೆ ಹೇಳಿದೆ, ಯಾಕೆಂದರೆ ಅವನು ನಮ್ಮ ಗ್ರೂಪಿನಲ್ಲಿಲ್ಲ.

ಅವನು ನಗಲಿಲ್ಲ. "ಇದಕ್ಕೊಂದು ಹೆಸರಿದೆ ಮಗಾ," ಅಂದ. ದೊಡ್ಡದೊಂದು ಪದ ಹೇಳಿದ. ನಮ್ಮ ಮಾತಿಗೆ ತಂದರೆ, ತನ್ನದರಿಂದಲೇ ತಾನು ಹೊರಗಿನವನಾಗುವುದು ಅಂತ ಆಗುತ್ತದೇನೋ. ಬಹಳ ಹಿಂದೆಯೇ ಇದನ್ನೆಲ್ಲ ಯೋಚನೆ ಮಾಡಿ ಬರೆದಿಟ್ಟಿದ್ದಾರಂತೆ.

"ಮೊದ್ಲು, ನೀನು ಮಾಡಿದ್ದು ನಿಂದಲ್ಲ. ಡಬ್ಬಿಗೆ ಹಾಕ್ಕೊಂಡು ಹೋಗ್ತಾರೆ. ಆಮೇಲೆ ಮಾಡೋ ಕೆಲಸಾನೂ ನಿಂದಲ್ಲ. ಯಾವಾಗ ಶುರು, ಎಷ್ಟು ಜೋರು, ಎಲ್ಲ ಆ ಸರಪಳಿ ಹೇಳುತ್ತೆ. ಆಮೇಲೆ ಪಕ್ಕದೋನು ನಿಂಗೆ ಯಾರೂ ಅಲ್ಲ."

"ಆಮೇಲೆ?"

"ಆಮೇಲೆ ನೀನೇ ನಿಂಗೆ ಯಾರೂ ಅಲ್ಲ. ಅಲ್ಲಿಗೆ ಬರೋ ಹೊತ್ತಿಗೆ ಪೆನ್ಶನ್ ಬಂದಿರುತ್ತೆ."

"ಇದಕ್ಕೆ ಔಷಧಿ ಏನು?" ಅಂದೆ.

"ಅದ್ರ ವಿಷಯಕ್ಕೇ ಎಲ್ರೂ ಹೊಡೆದಾಡಿದ್ದು," ಅಂದ. ನನ್ನ ಚಾಕು ಮಸೆದು ಕೊಟ್ಟ. ಒಳ್ಳೆಯ ಹರಿತ ಮಾಡುತ್ತಾನೆ.

ಆ ರಾತ್ರಿಯೆಲ್ಲ ಫೋನಿನಲ್ಲಿ ಅದನ್ನೇ ಹುಡುಕಿ ಓದಿದೆ. ಉದ್ದುದ್ದ ಚರ್ಚೆಗಳು. ಒಬ್ಬರಿಗೊಬ್ಬರು ಬೈದುಕೊಂಡು, ಕೊನೆಗೆ ಯಾರೋ ಬಂದು ಬೆಕ್ಕಿನ ಚಿತ್ರ ಹಾಕಿ ಹೋಗಿದ್ದಾರೆ. ಓದುತ್ತಾ ಓದುತ್ತಾ ಮೈಯೆಲ್ಲ ಜುಮ್ಮೆಂದಿತು, ಇದು ನನ್ನದೇ ಕಥೆ, ಯಾರೋ ನನ್ನನ್ನು ನೋಡಿ ಬರೆದಿದ್ದಾರೆ ಅಂತ. ಬೆಳಿಗ್ಗೆ ಎದ್ದು ಬೆರಳು ಬಿಡಿಸಿಕೊಂಡು ಕೆಲಸಕ್ಕೆ ಹೋದೆ. ಸೂಪರ್‌ವೈಸರ್ ಹತ್ತಿರ ಹೋಗಿ, "ನನಗೆ ಬೇರೆ ಕೊಯ್ತ ಕಲಿಸ್ತೀರಾ? ಪೂರ್ತಿ ಹಂದಿ?" ಅಂದೆ. ಅವನು ಒಳ್ಳೆಯವನೇ. "ಯಾಕಪ್ಪಾ? ಭುಜಕ್ಕೆ ನಿನ್ನಷ್ಟು ಫಾಸ್ಟ್ ಯಾರೂ ಇಲ್ಲ," ಅಂದು ಬೆನ್ನು ತಟ್ಟಿದ.

ಮುಂದಿನ ತಿಂಗಳು ಕರಾರು ಮುಗಿಯುತ್ತದೆ. ಇನ್ನೊಮ್ಮೆ ಸಹಿ ಹಾಕುತ್ತೀಯಾ ಅಂತ ಕೇಳಿದ್ದಾರೆ. ಊರಿಗೆ ಹೋದರೆ ಬುಟ್ಟಿ ಹಿಡಿಯುವುದರಿಂದ ಶುರುಮಾಡಬೇಕು, ಅದೂ ಇಲಾಯಿಯ ಕೈಕೆಳಗೆ. ಅದಕ್ಕೆ ನಾಚಿಕೆ ಇಲ್ಲ ಅಕ್ಕ, ನಿಜವಾಗಲೂ. ಹೆದರಿಕೆ ಬೇರೆಯದು. ಅದನ್ನು ಹೇಗೆ ಬರೆಯಬೇಕೋ ಗೊತ್ತಾಗುತ್ತಿಲ್ಲ. ಇಲ್ಲಿಗೆ ಸಾಕು.

ಚಾಪೆಗೆ ನಾನು ಕ್ಷಮೆ ಕೇಳಿದರೂ ಅದು ವಾಪಸು ಬರುವುದಿಲ್ಲ. ಆದರೂ ಕೇಳುತ್ತೇನೆ. ನೀನು ಅಪ್ಪನಿಗೆ ಫೋನ್ ಮಾಡಿದಾಗ ಚಾಪೆಯ ಮಾತು ಎತ್ತಬೇಡ, ಅವರ ಕೈ ಹೇಗಿದೆ ಅಂತ ಕೇಳು. ಅಮ್ಮನನ್ನು ಕರೆದುಕೊಂಡ ದೇವರು ನಿನ್ನ ನಿದ್ದೆಯನ್ನು ಕಾಯಲಿ, ನಿನ್ನ ಆ ಅಜ್ಜಿಯ ಜಗಳವನ್ನೂ ಕಾಯಲಿ.

ನಿನ್ನ ತಮ್ಮ,
ಪೆನಿ

ತಾ.ಕ.: ಲಕೋಟೆ ಅಂಟಿಸಿದ್ದೆ, ಮತ್ತೆ ಕಿತ್ತೆ. ನೀನು ಫೋನಿನಲ್ಲಿ ಹೇಗೂ ಕೇಳುತ್ತೀಯ, ಅಪ್ಪ ಮೊಣಕಾಲೂರಿದಾಗ ನಿನಗೆ ಏನನಿಸಿತೋ ಅಂತ. ನಾಚಿಕೆ ಅಂತ ಬರೆಯೋಣ ಅಂದುಕೊಂಡೆ. ಅದು ಸುಳ್ಳು. ಏನೂ ಅನಿಸಲಿಲ್ಲ ಅಕ್ಕ. ಲೈನಿನಲ್ಲಿ ಗೀರು ತಪ್ಪಿದರೆ ಅದು ತಾನಾಗಿ ಎಡಗಡೆ ಸರಿದು ಹೋಗುತ್ತದೆ, ನಾವು ನೋಡುವುದಿಲ್ಲ. ಅಪ್ಪ ಅಳುತ್ತಾ ಅಮ್ಮನ ಚಾಪೆ ಹಾಸುತ್ತಿದ್ದರು, ನಾನು ಅದು ಸರಿದು ಹೋಗಲಿ ಅಂತ ನಿಂತಿದ್ದೆ. ಬ್ರೇಕಿಗೆ ಇನ್ನೆಷ್ಟು ಹೊತ್ತು ಅಂತ ತಲೆ ಎತ್ತಿ ಕಾರ್ಖಾನೆಯ ಗಡಿಯಾರ ಹುಡುಕಿದೆ. ಅಲ್ಲಿ ಜೀಗುಜ್ಜೆ ಮರ ಇತ್ತು.