ಸಾಯುವ ಸೀನು

ಜೂನ್ ೧೪, ೨೦೦೪. ಸೋಮವಾರ

ಬದುಕಿರುವ ಮನುಷ್ಯನ ಫೋಟೋಗೆ ಹಾರ ಹಾಕಿದ್ದಾರೆ. ಅವರಿಗೆ ಒಂದು ಮಾತೂ ಹೇಳದೆ. ಇದು ಅನ್ಯಾಯ.

ಸಂಜೆಯ ಮರಾಠಿ ಸೀರಿಯಲ್. ಎಂದಿನಂತೆ ಎಲ್ಲರೂ ಟಿವಿ ಮುಂದೆ. ಹೊಳಬಸಪ್ಪ ಮಾವ ಅದರಲ್ಲಿ ಮನೆಯ ಹಳೆಯ ಆಳು. ಇವತ್ತು ಸೀರಿಯಲ್ಲಿನ ಆ ಮನೆಯ ಗೋಡೆಯ ಮೇಲೆ ಅವರ ಫೋಟೋ, ಗಂಧದ ಹಾರ, ದೀಪ. ಊರಿಗೆ ಹೋದವರು ಅಲ್ಲೇ ತೀರಿಕೊಂಡರಂತೆ... ಅಷ್ಟೇ.

ಸಾವಂತ್ರವ್ವ ಅತ್ತಿ ತಾಳಿ ಹಿಡಿದುಕೊಂಡು ಎದ್ದರು. "ಮುತ್ತೈದಿ ಇದನ್ನ ನೋಡಬೇಕೇನ್ರಿ? ಆ ಫೋಟೋ ಯಾರು ಕೊಟ್ರು?"

"ನಾನ. ಫೈಲಿಗೆ ಬೇಕಂದ್ರು," ಎಂದರು ಮಾವ.

ಮೂವತ್ತು ವರ್ಷ ನಾಟಕ, ಸಿನಿಮಾ, ಟಿವಿ. ಹವಾಲ್ದಾರ, ಆಳು, ಹುಡುಗಿಯ ಬಡ ಅಪ್ಪ. ಮುಖ ಪುಣೆಗೆಲ್ಲ ಗೊತ್ತು. ಹೆಸರು ಯಾರಿಗೂ ಗೊತ್ತಿಲ್ಲ.

ಜೂನ್ ೧೭. ಗುರುವಾರ

ನಾನು ದುಡಿಯುವ ಭೋಸರಿ ಕಾರ್ಖಾನೆಗೆ ವಾರದ ರಜೆ. ಕರಪತ್ರ ಬರೆದೆ. 'ಕಲಾವಿದನೂ ಕಾರ್ಮಿಕನೇ! ಪಾತ್ರ ಮರಳಿ ಕೊಡಿ!' ಮಾವನಿಗೆ ಓದಿದೆ.

"ಭಾಳ ಜೋರ್ ಅದ ನಿನ್ನ ಡೈಲಾಗ್. ಆದ್ರ ಭಾಗ್ಯಾ, ಸತ್ತಾಂವ ಹೆಂಗ ತಿರುಗಿ ಬರ್ತಾನ?"

"ಮತ್ತೇನ್ ಕೇಳೂಣ್ರಿ?"

"ಸಾಯೋ ಸೀನ್. ಇಷ್ಟು ವರ್ಷದಾಗ ಒಮ್ಮೆನೂ ಕ್ಯಾಮೆರಾ ಮುಂದ ಸತ್ತಿಲ್ಲ. ಪ್ರತಿ ಸಲ ಯಾರೋ ಓಡಿ ಬಂದು 'ಹೋದ್ರು' ಅಂತಾರ. ನಾ ಹೆಂಗ ಹೋದೆ, ಯಾರೂ ನೋಡೇ ಇಲ್ಲ."

ಸಿಟ್ಟು ಬಂತು. ಇದೂ ಒಂದು ಬೇಡಿಕೆಯೇ?

ಜೂನ್ ೨೪. ಗುರುವಾರ

ಮಾವನ ಜೊತೆ ಕಾತ್ರಜಕ್ಕೆ. ಶೂಟಿಂಗ್ ನಡೆಯುವ ಬಂಗಲೆ. ಮ್ಯಾನೇಜರ್ ಪ್ರಲ್ಹಾದ ಮರಾಠಿಯಲ್ಲಿ ನಕ್ಕ — "ಕಾಕಾ, ಸತ್ತವರು ಸೆಟ್ಟಿಗೆ ಬರಬಾರದು." ಎಲ್ಲರೂ ನಕ್ಕರು. ಮಾವನೂ ನಕ್ಕರು. ಅದೇ ಚುಚ್ಚಿತು.

ಮಾವ ಸಾಯುವ ಸೀನು ಕೇಳಿದರು. ನೆನಪಿನ ದೃಶ್ಯ ಅಂತ ಒಂದೇ ಸೀನು.

"ಆಳಿನ ಸಾವಿಗೆ ಅರ್ಧ ದಿನ ಶೂಟಿಂಗ್? ಯಾರಿಗೆ ಬೇಕು?"

ಅಜ್ಜಿ ಪಾತ್ರದ ಶಾಮಲಾಬಾಯಿ ಅರ್ಧ ಮೇಕಪ್ಪಿನಲ್ಲೇ ಎದ್ದು ಬಂದರು. ಸೋಲಾಪುರದವರು, ಕನ್ನಡ ಬರುತ್ತದೆ. ಹಿಂದಿನ ಸೀರಿಯಲ್‌ನಲ್ಲಿ ಅವರನ್ನು ಕಾಶಿಗೆ ಕಳಿಸಿ ಹೀಗೇ ಸಾಯಿಸಿದ್ದರಂತೆ. "ನನಗ ಬೇಕು," ಎಂದರು, ಮೊದಲು ಕನ್ನಡದಲ್ಲಿ, ಆಮೇಲೆ ಮರಾಠಿಯಲ್ಲಿ.

ಪ್ರಲ್ಹಾದನ ನಗು ನಿಂತಿತು. ಮೇಲಿನವರನ್ನು ಕೇಳಿ ಹೇಳುತ್ತಾನಂತೆ.

ಜೂನ್ ೨೮. ಸೋಮವಾರ

ಪ್ರಲ್ಹಾದನ ಫೋನ್ ಇನ್ನೂ ಬಂದಿಲ್ಲ.

"ಸಾವು ಬೇಡಿ ತರೋ ಗಂಡ ಎಲ್ಲ್ಯರ ಇದ್ದಾನೇನು?" — ಅತ್ತಿ. ಮಾವ ಗೋಡೆಗೆ ಒರಗಿ ಅಭ್ಯಾಸ ಮಾಡುತ್ತಿದ್ದರು. ಉಸಿರು ಸಣ್ಣಗಾಯಿತು. ಕೈ ಜಾರಿತು. ಅತ್ತಿ ಬಾಗಿಲಲ್ಲೇ ನಿಂತು ನೋಡಿದರು. ಆಮೇಲೆ ಅಂದರು —

"ಅಷ್ಟು ಲಗೂ ಹೋಗಬ್ಯಾಡ್ರಿ. ಇನ್ನಷ್ಟು ನಿಧಾನ."

ಕರಪತ್ರದ ಘೋಷಣೆಗಳನ್ನೆಲ್ಲ ಹೊಡೆದುಹಾಕಿದೆ. ಒಂದೇ ಸಾಲು ಬರೆದೆ: 'ನಮ್ಮ ಸಾವನ್ನು ನಮಗೆ ಮೊದಲು ಹೇಳಿ. ನಾವೇ ಸಾಯುತ್ತೇವೆ.'

ಜೂನ್ ೩೦. ಬುಧವಾರ, ಸಂಜೆ

ಶಾಮಲಾಬಾಯಿ ಫೋನ್ ಮಾಡಿದರು. "ಮೇಲಿನವರು ಆಗಂಗಿಲ್ಲ ಅಂದಾರ. ಇರಲಿ. ನಾಳೆ ನಾವು ಕಲಾವಿದರು ಯಾರೂ ಒಳಗ ಹೋಗಂಗಿಲ್ಲ. ಹೊಳಬಸಪ್ಪ ಅಣ್ಣಾರು ಗೇಟಿನ ಮುಂದ ಸೀನ್ ಮಾಡ್ಲಿ. ನಾವು ನೋಡ್ತೀವಿ."

ಮಾವ ಗಡ್ಡ ಬೋಳಿಸಿಕೊಳ್ಳಲು ಕುಳಿತರು. ಅತ್ತಿ ಆಳಿನ ಪಾತ್ರದ ಧೋತರ ಒಗೆದು ಹಾಕಿದ್ದಾರೆ. ತಾವೂ ಬರುತ್ತಾರಂತೆ, ಮುಂದೆಯೇ ನಿಲ್ಲುತ್ತಾರಂತೆ.

ನಾಳೆ, ಗುರುವಾರ, ಬೆಳಿಗ್ಗೆ ಎಂಟಕ್ಕೆ, ಬಂಗಲೆಯ ಗೇಟಿನ ಮುಂದೆ, ಎಲ್ಲರೂ ನೋಡುತ್ತಿರುವಾಗ, ಮಾವ ಸಾಯುತ್ತಾರೆ.