ಬ್ಯಾಟರಿಗೆಂದು ಎತ್ತಿಟ್ಟ ಉಪ್ಪು

ಶಹಾಬಾದ್ ಗಣಿವಾಸ,
ಫೆಬ್ರವರಿ ೩೦, ೨೩೧೯

ಮುನ್ನೂರು ವರ್ಷದ ಹಿಂದಿನ ಹಿರಿಯರಿಗೆ ನೀಲಾಂಬಿಕೆಯ ಶರಣು.

ತಾರೀಖು ನೋಡಿ ತಪ್ಪು ಬರೆದಳೆಂದುಕೊಳ್ಳಬೇಡಿ; ನಮ್ಮಲ್ಲಿ ಎಲ್ಲ ತಿಂಗಳಿಗೂ ಮೂವತ್ತೇ ದಿನ. ನನ್ನ ಕೆಲವು ಮಾತುಗಳು ವಿಚಿತ್ರವೆನಿಸಿದರೆ ಕ್ಷಮಿಸಿ. ನೀವು ಹಾಸುಗಲ್ಲು ತೆಗೆದು ಬಿಟ್ಟುಹೋದ ಗಣಿಗಳಲ್ಲೇ ನಾವು ಮನೆ ಮಾಡಿಕೊಂಡಿದ್ದೇವೆ, ಏಕೆಂದರೆ ಮೇಲಿನ ಬಿಸಿಲಲ್ಲಿ ಬಾಳುವುದು ಕಷ್ಟ. ಕುಡಿಯುವುದು ಬೋಳುನೀರು, ಅಂದರೆ ಯಂತ್ರಗಳು ಗಾಳಿಯ ತೇವವನ್ನು ಹಿಂಡಿ ಕೊಡುವ ನೀರು. ಅದರಲ್ಲಿ ಯಾವ ಲವಣವೂ ಇರುವುದಿಲ್ಲ. ಹಾಗಾಗಿ ಓಣಿಯ ತೊಟ್ಟಿಗೆ ದಿನಾ ಬೆಳಿಗ್ಗೆ ಉಪ್ಪು ಬೆರೆಸುತ್ತಾರೆ. ಅದೇ ಉಪ್ಪು ನಮ್ಮ ಬ್ಯಾಟರಿಗಳಿಗೂ ಬೇಕು. ನೀರಿನಲ್ಲಿ ಕರಗಿದ ಉಪ್ಪು ವಿದ್ಯುದಂಶ ಹೊತ್ತ ಕಣಗಳಾಗಿ ಬೇರ್ಪಡುತ್ತದೆ; ಆ ಕಣಗಳು ಹರಿದಾಡಿದರೆ ಬ್ಯಾಟರಿ ನಡೆಯುತ್ತದೆ, ಬ್ಯಾಟರಿ ನಡೆದರೆ ಓಣಿಗೆ ತಂಪುಗಾಳಿ ಬರುತ್ತದೆ. ನಮ್ಮ ನರಗಳು ಸುದ್ದಿ ಮುಟ್ಟಿಸುವುದೂ ಗುಂಡಿಗೆ ಬಡಿಯುವುದೂ ಅಂಥ ಕಣಗಳಿಂದಲೇ. ಶಾಲೆಯಲ್ಲಿ ಇದನ್ನು ಎಲ್ಲರೂ ಓದಿದ್ದೆವು.

ಹೋದ ವರ್ಷ ಪ್ರವಾಹಕ್ಕೆ ಸೇತುವೆಗಳು ಕೊಚ್ಚಿಹೋಗಿ ಕಡಲ ಕಡೆಯಿಂದ ಉಪ್ಪಿನ ಬಂಡಿಗಳು ಬರಲಿಲ್ಲ. ಉಳಿದ ಉಪ್ಪೆಲ್ಲ ಬ್ಯಾಟರಿಗೆ, ಅಡುಗೆಗೆ ಚಿಟಿಕೆ ಮಾತ್ರ, ತೊಟ್ಟಿಗೆ ಇಲ್ಲವೆಂದು ನಮ್ಮನ್ನು ಆಳುವ ಹಿರೇಸಭೆ ತೀರ್ಮಾನಿಸಿತು. ಯಾರೂ ಎದುರಾಡಲಿಲ್ಲ. ತಂಪು ನಿಂತರೆ ಹಾಸಿಗೆ ಹಿಡಿದವರು ಉಳಿಯುವುದಿಲ್ಲವೆಂದು ನಮಗೆ ಗೊತ್ತಿತ್ತು.

ನನ್ನ ಗಂಡ ಬಂಡೆಪ್ಪ, ಗಣಿಯ ಮೇಲೆ ಬಿಸಿಲಲ್ಲಿ ಸೌರಫಲಕ ಒರೆಸುವವರು. ಬೆವರಿನ ಜೊತೆ ಮೈಯ ಉಪ್ಪೆಲ್ಲ ಹೋಗುತ್ತಿತ್ತು. ಕೆಳಗಿಳಿದು ತಂಬಿಗೆಗಟ್ಟಲೆ ಬೋಳುನೀರು ಕುಡಿಯುತ್ತಿದ್ದರು. ತಲೆನೋವು, ವಾಂತಿ ಶುರುವಾಯಿತು. ಒಂದು ಮಧ್ಯಾಹ್ನ ಬಾಗಿಲಲ್ಲಿ ನಿಂತು ನನ್ನನ್ನೇ ಕೇಳಿದರು: “ನೀವ್ ಯಾರ ಮನಿಯವ್ರು?”

ಪಕ್ಕದ ಮನೆಯ ಸಿದ್ರಾಮ ಓಡಿ ಬಂದ. “ಬಿಸಿಲ ಬಡದದ ಅಕ್ಕಾ, ನೀರ್ ಕುಡಸ್ರಿ” ಎಂದ. ಇಬ್ಬರೂ ಸೇರಿ ಕುಡಿಸಿದೆವು. ಸ್ವಲ್ಪ ಹೊತ್ತಿಗೆ ಅವರ ಕೈಕಾಲು ಸೆಟೆದು, ಮೈಯೆಲ್ಲ ಅದುರತೊಡಗಿತು.

ಡಾಕ್ಟರ್ ಚಾಂದಬೀ ಬಂದವರೇ ತಂಬಿಗೆ ಕಸಿದುಕೊಂಡರು. “ಇನ್ನ ನೀರ್ ಕೊಡಬ್ಯಾಡ್ರಿ. ರಕ್ತದಾಗ ಉಪ್ಪು ಕಡಿಮಿ ಆಗ್ಯದ. ನೀರು ಮಿದುಳಿಗೆ ಹೊಕ್ಕು ಬಾವು ಬಂದದ.”

ದವಾಖಾನೆಯಲ್ಲಿ ಇವರ ಹಾಗೆಯೇ ಇನ್ನೂ ಹಲವರು ಬಿದ್ದಿದ್ದರು. ಉಪ್ಪುನೀರಿನ ಡ್ರಿಪ್ ಮುಗಿದಿತ್ತು. ಬ್ಯಾಟರಿಗೆಂದು ಎತ್ತಿಟ್ಟ ಉಪ್ಪು ಕೇಳಲು ನಾನೂ ಚಾಂದಬೀಯವರೂ ಸಭೆಯ ಹಿರಿಯ ಮಡಿವಾಳಯ್ಯನವರ ಬಳಿ ಹೋದೆವು.

“ಉಪ್ಪು ಕೊಟ್ರ ಒಂದು ಓಣಿಗೆ ತಂಪು ನಿಲ್ತದ, ಡಾಕ್ಟರಮ್ಮ. ಅಲ್ಲಿ ಮುದುಕ್ರು ಅದಾರ” ಎಂದರು ಅವರು.

“ದವಾಖಾನ್ಯಾಗ ಬಿದ್ದವ್ರೂ ಮನಷ್ಯಾರೇ ಅದಾರಲ್ರಿ” ಎಂದರು ಚಾಂದಬೀ.

ಮಡಿವಾಳಯ್ಯ ಉಪ್ಪಿನ ಉಗ್ರಾಣದ ಕೀಲಿಕೈ ಕೊಟ್ಟರು. ಯಾವ ಓಣಿಯ ತಂಪು ನಿಲ್ಲಿಸಬೇಕೆಂದು ಚೀಟಿ ಎತ್ತಿದಾಗ ನಮ್ಮದೇ ಬಂತು.

ಚಾಂದಬೀ ಆ ಉಪ್ಪಿನಿಂದ ಮಾಡಿದ ಡ್ರಿಪ್ಪನ್ನು ಹನಿಹನಿಯಾಗಿ ಬಿಟ್ಟರು. ಉಪ್ಪು ಒಮ್ಮೆಲೇ ಏರಿದರೂ ಮಿದುಳಿಗೆ ಅಪಾಯವಂತೆ. ಕೆಲವು ದಿನಗಳಲ್ಲಿ ಬಂಡೆಪ್ಪ ನನ್ನ ಹೆಸರು ಹಿಡಿದು ಕರೆದರು. ದವಾಖಾನೆಯಲ್ಲಿದ್ದ ಉಳಿದವರೂ ಎದ್ದು ಕೂತರು. ಅದೇ ದಿನಗಳಲ್ಲಿ, ನಮ್ಮ ಮನೆಯ ಗೋಡೆಯ ಆಚೆ, ಸಿದ್ರಾಮ ಹಾಸಿಗೆ ಹಿಡಿದಿದ್ದ ತನ್ನ ತಾಯಿ ಗಂಗವ್ವನ ಮೈಗೆ ಒದ್ದೆ ಬಟ್ಟೆ ಹೊದಿಸುತ್ತಾ, ಬೀಸಣಿಗೆ ಬೀಸುತ್ತಾ ಕೂತಿದ್ದ. ಆಕೆ ಸೆಕೆ ತಾಳಲಾರದೆ ತೀರಿಕೊಂಡಳು.

ಮಣ್ಣು ಮಾಡಿ ಬಂದವನು ನಮ್ಮ ಬಾಗಿಲಲ್ಲಿ ನಿಂತ. ಬೈಯುತ್ತಾನೆಂದುಕೊಂಡೆ. “ಅಣ್ಣ ಉಂಡನೇನ್ರಿ ಅಕ್ಕಾ?” ಎಂದು ಕೇಳಿದ. ಹೂಂ ಎಂದೆ. ಅವನ ಮುಖ ನೋಡಲು ನನಗೆ ಆಗಲಿಲ್ಲ.

ಈಗ ಬಂಡಿಗಳು ಬಂದಿವೆ, ತೊಟ್ಟಿಗೆ ಉಪ್ಪು ಬೀಳುತ್ತಿದೆ. ಆದರೂ ಬಂಡೆಪ್ಪ ಸಿದ್ರಾಮನ ಮನೆಯ ಮುಂದೆ ಹಾಯದೆ ಸುತ್ತು ಬಳಸಿ ಕೆಲಸಕ್ಕೆ ಹೋಗುತ್ತಾರೆ. ಬದುಕಿ ಬಂದದ್ದಕ್ಕೆ ಒಬ್ಬ ಮನುಷ್ಯ ನಾಚಿಕೆಪಡುವುದನ್ನು ನಾನು ದಿನಾ ನೋಡುತ್ತಿದ್ದೇನೆ.

ನಿಮ್ಮ ಕಾಲದಲ್ಲಿ ನೀರಿನಲ್ಲೇ ಲವಣವಿತ್ತಂತೆ, ಮರದ ಕೆಳಗೆ ಕೂತರೆ ತಂಪೂ ಸಿಗುತ್ತಿತ್ತಂತೆ. ಒಂದೇ ಬೇಡಿಕೆ. ಅವೆರಡನ್ನೂ ನಮಗೆ ಉಳಿಸಿ. ಯಾರಿಗೆ ಉಪ್ಪು, ಯಾರಿಗೆ ಗಾಳಿ ಎಂದು ಚೀಟಿ ಎತ್ತುವ ಕೆಲಸವನ್ನು ನಿಮ್ಮ ಮೊಮ್ಮಕ್ಕಳ ಮೊಮ್ಮಕ್ಕಳ ಕೈಗೆ ಕೊಡಬೇಡಿ.

ನಿಮ್ಮವಳು,
ನೀಲಾಂಬಿಕೆ